ನೀರು ಎಳೆದ ಗೆರೆ

ಬೆಂಗಳೂರಿನಲ್ಲಿ ಕೆಲಸಕ್ಕಿರುವ ಮಗನು, ಶ್ರೀನಿವಾಸಪುರದ ಹತ್ತಿರವಿರುವ ಪಿತ್ರಾರ್ಜಿತವಾದ ಮಾವಿನ ತೋಪಿನಲ್ಲಿ ಈಜುಕೊಳವೊಂದನ್ನು ಕಟ್ಟಿಸುತ್ತೇನೆಂದು ಹೇಳಿದಾಗ ಕೋಲಾರದ ನಿವೃತ್ತ ವಿಜ್ಞಾನದ ಮೇಷ್ಟರು ನಕ್ಕುಬಿಟ್ಟರು. ವರ್ಷವಿಡೀ ಹರಿಯುವ ಹೊಳೆ ಒಂದಾದರೂ ಇಲ್ಲದ ಜಿಲ್ಲೆ ಅದು. ಪಾಲಾರ್ ನದಿಯ ಹೆಸರು ಭೂಪಟದಲ್ಲಿ ಉಂಟು. ಮಳೆ ಚೆನ್ನಾಗಿ ಬಂದ ವರ್ಷ ಮರಳಿನ ಮೇಲೂ ಉಂಟು. ಹಿಂದಿನವರು ಈ ಕೊರತೆಯನ್ನು ಬಲ್ಲವರಾಗಿ, ಒಂದು ಕೆರೆಯ ಕೋಡಿ ಇನ್ನೊಂದು ಕೆರೆಯ ಒಡಲಿಗೆ ಬೀಳುವ ಹಾಗೆ ಊರೂರಿಗೂ ಕೆರೆ ಕಟ್ಟಿಸಿ, ಅವಿಭಕ್ತ ಕೋಲಾರ ಜಿಲ್ಲೆಗೆ 4,000ಕ್ಕೂ ಮಿಕ್ಕ ಕೆರೆಗಳನ್ನು ಬಿಟ್ಟುಹೋಗಿದ್ದರು. ಅವುಗಳಲ್ಲಿ ಎಷ್ಟೋ ಕೆರೆಗಳ ಅಂಗಳದಲ್ಲಿ ಜಾಲಿ ಬೆಳೆದಿರುವಾಗ, ಮೊಮ್ಮಕ್ಕಳ ಜಲಕ್ರೀಡೆಗಾಗಿ ನೀಲಿ ಟೈಲ್ಸು ಹಾಕಿದ ಕೊಳ!

“ಮಕ್ಕಳು ರಜಕ್ಕೆ ಊರಿಗೆ ಬರಬೇಕಾದರೆ ಅಲ್ಲಿ ಏನಾದರೂ ಇರಬೇಕಲ್ಲಪ್ಪಾ” ಎಂದ ಮಗ.

ಈ ವಾದಕ್ಕೆ ಯಾವ ತಾತನ ಬಳಿಯಲ್ಲಿ ಪ್ರತ್ಯುತ್ತರವಿದ್ದೀತು? ಕೊಳವಾಯಿತು. 20 ಅಡಿ ಉದ್ದ, 10 ಅಡಿ ಅಗಲ, 4 ಅಡಿ ಆಳ.

ಕೊಳವನ್ನು ತೋಡಿದ್ದು ಹಳೆಯ ಬಾವಿಯ ಪಕ್ಕದಲ್ಲಿ. 1960ರ ದಶಕದಲ್ಲಿ, ಮೇಷ್ಟರು ಚಡ್ಡಿ ಹಾಕುವ ಹುಡುಗರಾಗಿದ್ದಾಗ, ಸೊಂಟಕ್ಕೆ ಒಣಗಿದ ಸೋರೆಬುರುಡೆಯನ್ನು ಕಟ್ಟಿಕೊಂಡು ಈಜು ಕಲಿತದ್ದು ಆ ಬಾವಿಯಲ್ಲಿಯೇ. ಕಪಿಲೆಯ ಎತ್ತುಗಳು ಹಿಂದಕ್ಕೂ ಮುಂದಕ್ಕೂ ನಡೆಯುತ್ತಿದ್ದಂತೆ ನೀರು ಒಂದಿಷ್ಟು ಇಳಿಯುವುದು, ರಾತ್ರಿ ಕಳೆಯುವುದರೊಳಗೆ ಮತ್ತೆ ಮೇಲಕ್ಕೇರುವುದು. ಬಾವಿಯ ಕಲ್ಲುಗೋಡೆಯ ಮೇಲೆ ಆ ಕಾಲದ ನೀರಿನ ಮಟ್ಟಗಳು ಒಂದರ ಕೆಳಗೊಂದು ಗೆರೆಗಳಾಗಿ ಇಂದಿಗೂ ಕಾಣುತ್ತವೆ. 1980ರ ದಶಕದಲ್ಲಿ ಬಾವಿ ಬತ್ತಿತು. ಆಮೇಲೆ ಕೊಳವೆಬಾವಿ ಬಂದಿತು: ಮೊದಲು 300 ಅಡಿ, ತರುವಾಯ 700 ಅಡಿ, ಈಗ 1,300 ಅಡಿ. ಅಷ್ಟು ಆಳದಿಂದ ಮೇಲೆ ಬರುವ ನೀರು ಕೈಗೆ ಬೆಚ್ಚಗೆ ತಗಲುತ್ತದೆ. ಭೂದೇವಿಯ ಹೊಟ್ಟೆಯೊಳಗಣ ಬಿಸಿ ಅದು ಎಂದು ಮೇಷ್ಟರ ಹೆಂಡತಿ ಹೇಳುವುದುಂಟು. ಅದರಲ್ಲಿ ಅಶಾಸ್ತ್ರೀಯವಾದದ್ದೇನೂ ಇಲ್ಲ.

ಸಂಕ್ರಾಂತಿಯ ದಿನ ಕೊಳಕ್ಕೆ ನೀರು ತುಂಬಿತು. ಶಿವರಾತ್ರಿ ಕಳೆಯುವ ಹೊತ್ತಿಗೆ ನೀಲಿ ಟೈಲ್ಸಿನ ಮೇಲೆ, ನೀರಿನ ಅಂಚಿನುದ್ದಕ್ಕೂ, ಪಂಚೆಯ ಕರೆಯಂತೆ ಎರಡು ಬೆರಳಗಲದ ಒಂದು ಬಿಳಿಯ ಪಟ್ಟೆ ಮೂಡಿತು. ಉಗುರಿನಿಂದ ಕೆರೆದರೆ ಏಳಲಿಲ್ಲ. ಮಗನು ಕೊಳ ಕಟ್ಟಿದ ಮೇಸ್ತ್ರಿಗೆ ಫೋನು ಮಾಡಿದ. “ಬಚ್ಚಲು ತೊಳೆಯೋ ಆಸಿಡ್ ಸುರಿದು ತಿಕ್ಕಿಸಿ ಸಾರ್, ಹಾಲಿನ ಹಾಗೆ ಹೋಗುತ್ತೆ” ಎಂದು ಅಪ್ಪಣೆಯಾಯಿತು.

ಮೂವತ್ತು ವರ್ಷ ಹುಡುಗರಿಗೆ ರಸಾಯನಶಾಸ್ತ್ರವನ್ನು ಹೇಳಿದ ಮನುಷ್ಯನಿಗೆ ಈ ಮಾತು ಸಹಿಸಲಿಲ್ಲ. ಅಂದಿನಿಂದ ಕೊಳವು ಮಗನದಾದರೂ ಗೆರೆಯು ಅಪ್ಪನದಾಯಿತು. ವಾರಕ್ಕೆರಡು ಸಲ ಕೋಲಾರದಿಂದ ಬಸ್ಸಿನಲ್ಲಿ ಬಂದು, ಪಂಚೆಯನ್ನು ಮೇಲಕ್ಕೆ ಕಟ್ಟಿ, ಕೊಳದ ದಡದಲ್ಲಿ ಕುಳಿತುಬಿಡುವರು.

ಮೊದಲು ಲೆಕ್ಕ. ಕೋಲಾರ ಸೀಮೆಯ ಬಂಡೆ ಗ್ರಾನೈಟು, ನೈಸು. ಮಳೆಯ ನೀರು ಮಣ್ಣಿನೊಳಗಣ ಇಂಗಾಲಾಮ್ಲವನ್ನು ಹೀರಿ, ಬಿರುಕುಗಳಲ್ಲಿ ಇಳಿದು, ವರ್ಷಾಂತರ ಕಲ್ಲಿನೊಡನೆ ಸಹವಾಸ ಮಾಡಿ, ಕ್ಯಾಲ್ಸಿಯಂ, ಮೆಗ್ನೀಸಿಯಂ ಲವಣಗಳನ್ನು ತನ್ನೊಡಲಲ್ಲಿ ಕರಗಿಸಿಕೊಳ್ಳುತ್ತದೆ. ಅದೇ ಗಡಸು ನೀರು. ಸಾಬೂನು ನೊರೆ ಬಿಡದ, ತೊಗರಿಬೇಳೆ ಬೇಯದ ನೀರು. ಮೇಲೆ ಬಂದು ಬಿಸಿಲಿಗೆ ಮೈಯೊಡ್ಡಿದರೆ ಅನಿಲವು ಹಾರಿಹೋಗಿ, ಕರಗಿದ್ದ ಸುಣ್ಣವು ಕ್ಯಾಲ್ಸಿಯಂ ಕಾರ್ಬೋನೇಟಾಗಿ ಹೊರಬೀಳುತ್ತದೆ. ಬಚ್ಚಲಿನ ಹಂಡೆಯ ತಳದಲ್ಲಿ ಕಟ್ಟುವ ಹಕ್ಕಳೆಯೂ ಅದೇ. ಕೊಳದ ಅಂಚಿನ ಪಟ್ಟೆಯೂ ಅದೇ. ಕುಡಿಯುವ ನೀರಿನ ಗಡಸುತನ ಲೀಟರಿಗೆ 200 ಮಿಲಿಗ್ರಾಮಿನೊಳಗೆ ಇರಬೇಕೆಂದೂ, ಬೇರೆ ನೀರೇ ಇಲ್ಲದಿದ್ದಲ್ಲಿ 600ರವರೆಗೆ ಸಹಿಸಬಹುದೆಂದೂ ಭಾರತೀಯ ಮಾನಕ ಹೇಳುತ್ತದೆ. ತೋಪಿನ ನೀರು ಸಹನೆಯ ಆ ಕೊನೆಯ ಮೆಟ್ಟಿಲಿನಲ್ಲಿತ್ತು. ಬೇಸಗೆಯಲ್ಲಿ ಆ ಕೊಳದಿಂದ ದಿನಕ್ಕೆ 6-7 ಮಿಲಿಮೀಟರು, ಎಂದರೆ ಸುಮಾರು 120 ಲೀಟರು ನೀರು ಆವಿಯಾಗುತ್ತದೆ. ಆವಿಯು ಶುದ್ಧವಾಗಿ ಹೋಗುತ್ತದೆ, ಲವಣವು ಹಿಂದೆ ಉಳಿಯುತ್ತದೆ. ಕಡಿಮೆಯಾದಷ್ಟು ನೀರನ್ನು ಕೊಳವೆಬಾವಿಯಿಂದ ತುಂಬುತ್ತ ಹೋದರೆ ದಿನಕ್ಕೆ 72 ಗ್ರಾಮು ಹೊಸ ಲವಣ. ತಿಂಗಳಿಗೆ ಎರಡು ಕಿಲೋಗ್ರಾಮಿಗೆ ಮೇಲೆ! ಸಾಲದ ಬಡ್ಡಿಯಾದರೂ ಒಂದು ತಿಂಗಳು ತಪ್ಪೀತು, ಇದು ತಪ್ಪದು. ಇದರ ಮೇಲೆ ಪಾಚಿ ಕಟ್ಟದಿರಲೆಂದು ಹಾಕುವ ಬ್ಲೀಚಿಂಗ್ ಪುಡಿಯಲ್ಲಿಯೂ ಸುಣ್ಣದ ಅಂಶವೇ.

“ಹಾಗಾದರೆ ನೀರು ಕಾಯಿಸಿ ಹಾಕಿದರಾಯಿತಲ್ಲ” ಎಂದರು ಹೆಂಡತಿ.

“22,000 ಲೀಟರನ್ನೇ?”

ಆಕೆ ಒಳಗೆ ಹೋಗಿ ಹುಣಸೆಹಣ್ಣನ್ನು ತಂದರು. ಇದು ಹಾಸ್ಯವಲ್ಲ. ಹಿತ್ತಾಳೆಯ ಬಿಂದಿಗೆ ಬೆಳಗುವ ಹುಳಿಯೇ ಸುಣ್ಣವನ್ನೂ ಕರಗಿಸತಕ್ಕದ್ದು. ಮನೆಯ ಹೆಂಗಸರು ಇದನ್ನು ಯಾವ ಶಾಲೆಗೂ ಹೋಗದೆ ಬಲ್ಲರು. ಮೇಷ್ಟರು ಮಾತ್ರ ವಿನೆಗರಿನ ಒಂದು ತೊಟ್ಟನ್ನು ಪಟ್ಟೆಯ ಮೇಲೆ ಬಿಟ್ಟು ನೋಡಿದರು. ಗುಳ್ಳೆ ಎದ್ದರೆ ಕಾರ್ಬೋನೇಟು, ಸುಲಭ. ಏಳದಿದ್ದರೆ ಸಿಲಿಕೇಟು, ಅದು ಬೂದು ಬಣ್ಣದ, ಬಲು ನಿಧಾನವಾಗಿ ಕಟ್ಟುವ, ಬಲು ನಿಧಾನವಾಗಿಯೇ ಬಿಡುವ ಹಟಮಾರಿ. ತೊಟ್ಟು ಬಿದ್ದಲ್ಲಿ ಸುಯ್ಯೆಂದು ಸಣ್ಣ ಗುಳ್ಳೆಗಳೆದ್ದವು. ಮೇಷ್ಟರ ಮುಖದಲ್ಲಿ ಪ್ರಯೋಗ ಸಫಲವಾದ ದಿನದ ಹಳೆಯ ಕಳೆ ಕಾಣಿಸಿತು. ಆದರೆ ಅದನ್ನು ನೋಡಲು ಎದುರಿಗೆ ತರಗತಿಯಿರಲಿಲ್ಲ. ತೋಟ ನೋಡಿಕೊಳ್ಳುವವನ ಮಗಳೊಬ್ಬಳು ಇದ್ದಳು.

ಆ ಸಂಸಾರವು ಐದು ವರ್ಷಗಳ ಕೆಳಗೆ ಮುಳಬಾಗಿಲು ತಾಲ್ಲೂಕಿನ ಹಳ್ಳಿಯೊಂದರಿಂದ ಬಂದು ತೋಪಿನ ಮನೆಯಲ್ಲಿ ನೆಲಸಿತ್ತು. ತಂದೆ ಮೇಷ್ಟರ ಹಳೆಯ ಶಿಷ್ಯ. ಮುಳಬಾಗಿಲಿನ ಕಡೆಯ ಶಾಲೆಯೊಂದರಲ್ಲಿ 1990ರ ದಶಕದಲ್ಲಿ ಅವರ ಕೈಕೆಳಗೆ ಓದಿದವನು. ಈಗಲೂ ಅವರೆದುರಿಗೆ ಮಾತನಾಡುವಾಗ ಹೆಗಲ ಮೇಲಿನ ಟವಲಿನ ತುದಿಯನ್ನು ಬಾಯಿಗೆ ಅಡ್ಡ ಹಿಡಿಯುತ್ತಿದ್ದ. ಇಂಥ ಗುರುಭಕ್ತಿ ಈ ಕಾಲದಲ್ಲಿ ಎಲ್ಲುಂಟು ಎಂದು ಮೇಷ್ಟರು ಹೆಂಡತಿಯೊಡನೆ ಎಷ್ಟೋ ಸಲ ಹೇಳಿಕೊಂಡದ್ದುಂಟು. ಹುಡುಗಿಗೆ ಹದಿನೆಂಟು ವರ್ಷ, ಪಿ.ಯು.ಸಿ. ಮುಗಿಸಿದ್ದಳು. ಅವಳ ಕೆಳಗೆ ಬಹು ಕಾಲದ ಮೇಲೆ ಹುಟ್ಟಿದ ಒಬ್ಬ ತಮ್ಮ, ನಾಲ್ಕು ವರ್ಷದವನು. ತೋಪಿನ ತುಂಬ ಅವನದೇ ರಾಜ್ಯ.

ಕೆಲಸ ಶುರುವಾಯಿತು. ನೀರನ್ನು ಅರ್ಧ ಅಡಿ ಇಳಿಸಿದರು. ಅಂಗಡಿಯಲ್ಲಿ ಸಿಕ್ಕುವ ನಿಂಬೆ ಉಪ್ಪನ್ನು ಬೆಚ್ಚನೆಯ ನೀರಿನಲ್ಲಿ ಕದಡಿ, ಹಳೆಯ ಪಂಚೆಯ ತುಂಡುಗಳನ್ನು ಅದರಲ್ಲಿ ಅದ್ದಿ, ಪಟ್ಟೆಯ ಮೇಲೆ ಗಾಯಕ್ಕೆ ಕಟ್ಟಿದಂತೆ ಅಂಟಿಸಿ ಅರ್ಧ ಗಂಟೆ ಬಿಟ್ಟರು. ಆತುರಗಾರರು ತಪ್ಪುವುದು ಇಲ್ಲಿಯೇ. ಹುಳಿಗೆ ಸಮಯ ಕೊಡದೆ ತೋಳಿಗೆ ಕೆಲಸ ಕೊಡುತ್ತಾರೆ. ತರುವಾಯ ನೈಲಾನ್ ಬ್ರಷ್ಷಿನಿಂದ ತಿಕ್ಕಿದರೆ ಪಟ್ಟೆಯು ಹಿಟ್ಟಿನಂತೆ ಉದುರುವುದು. ತಂತಿಯ ಬ್ರಷ್ಷು ಕೂಡದು. ಮೆರುಗಿನ ಮೇಲೆ ಗೀರು ಬೀಳುತ್ತದೆ, ಗೀರಿನಲ್ಲಿ ಮುಂದಿನ ಹಕ್ಕಳೆ ಬೇರು ಬಿಡುತ್ತದೆ. ತೀರ ಗಟ್ಟಿಯಾದ ಕಡೆ, ಹಿಮ್ಮಡಿ ಉಜ್ಜುವ ಹಗುರಕಲ್ಲನ್ನು ಚೆನ್ನಾಗಿ ನೆನಸಿ, ಟೈಲನ್ನೂ ನೆನಸಿ, ಮೆಲ್ಲನೆ ಆಡಿಸಬೇಕು. ಸುಟ್ಟ ಪಿಂಗಾಣಿಯ ಟೈಲು ಅದನ್ನು ತಾಳುತ್ತದೆ, ಗಾಜಿನದಾದರೆ ತಾಳದು. ಕೊಳವೆಬಾವಿಯ ಕಬ್ಬಿಣದಿಂದ ಮೂಡಿದ ಕಂದು ಕಲೆಯೊಂದಿತ್ತು. ಮೇಷ್ಟರು ಜೇಬಿನಿಂದ ವಿಟಮಿನ್ ‘ಸಿ’ ಮಾತ್ರೆಯನ್ನು ತೆಗೆದು ಅದರ ಮೇಲೆ ಉಜ್ಜಿದರು. ಕಲೆ ಕಣ್ಣೆದುರಿಗೇ ಮಾಸುತ್ತ ಬಂದಿತು. ಹುಡುಗಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಬೆರಗಾಗಿ ನೋಡಿದಳು.

ಮೇಸ್ತ್ರಿ ಹೇಳಿದ ಆಸಿಡ್ಡಿನ ಶೀಷೆಯೂ ಬಂದಿತ್ತೆಂಬುದನ್ನು ಹೇಳದೆ ಬಿಡಬಾರದು. ಅದು ಹೈಡ್ರೊಕ್ಲೋರಿಕ್ ಆಮ್ಲ. ಪಟ್ಟೆಯನ್ನೂ ತಿನ್ನುತ್ತದೆ, ಟೈಲುಗಳ ಸಂದಿಗೆ ತುಂಬಿದ ಸಿಮೆಂಟನ್ನೂ ತಿನ್ನುತ್ತದೆ. ಕೂಲಿಯವನೊಬ್ಬನು ಬ್ಲೀಚಿಂಗ್ ಪುಡಿ ಕಲಸಿದ್ದ ಬಕೇಟಿಗೇ ಅದನ್ನು ಬಗ್ಗಿಸಲು ಹೋದಾಗ ಮೇಷ್ಟರು ಕೂಗಿದ ಕೂಗಿಗೆ ತೋಪಿನ ಗಿಳಿಗಳೆಲ್ಲ ಎದ್ದುಹೋದವು. ಅವೆರಡೂ ಕೂಡಿದರೆ ಏಳುವುದು ಕ್ಲೋರಿನ್ ಅನಿಲ. ಯುದ್ಧದಲ್ಲಿ ಸೈನಿಕರನ್ನು ಕೊಲ್ಲಲು ಬಳಸಿದ್ದು ಅದನ್ನೇ. ಎಷ್ಟೋ ಮನೆಗಳ ಬಚ್ಚಲಿನಲ್ಲಿ ಈ ಎರಡು ಡಬ್ಬಗಳು ಅಣ್ಣತಮ್ಮಂದಿರಂತೆ ಅಕ್ಕಪಕ್ಕದಲ್ಲಿ ಕುಳಿತಿರುತ್ತವೆ.

ನಾಲ್ಕು ದಿನಗಳಲ್ಲಿ ಕೊಳದ ಮೂರು ಬದಿ ನೀಲಿಯಾಗಿ ಹೊಳೆಯತೊಡಗಿತು. ಐದನೆಯ ದಿನ ಹುಡುಗಿ ಬರಲಿಲ್ಲ. ಮೇಷ್ಟರು ಕರೆಯಲೆಂದು ತೋಪಿನ ಮನೆಯ ಹಿಂಬದಿಗೆ ಹೋದರು. ಅಲ್ಲಿ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಒಂದು ಕನ್ನಡಿಯ ಚೂರು ಇತ್ತು. ಹುಡುಗಿ ಆ ಹಗುರಕಲ್ಲನ್ನು ಕುಟ್ಟಿ ಪುಡಿ ಮಾಡಿ, ನಿಂಬೆ ಉಪ್ಪಿನ ನೀರಿನಲ್ಲಿ ಕಲಸಿ, ಬೆರಳಿನಿಂದ ಹಲ್ಲನ್ನು ತಿಕ್ಕುತ್ತಿದ್ದಳು. ಒಸಡಿನಿಂದ ರಕ್ತ ಬರುತ್ತಿತ್ತು.

“ಏನಮ್ಮಾ ಇದು!”

ಅವಳು ಬೆದರಿ ಎದ್ದುನಿಂತಳು. ಸೆರಗು ಬಾಯಿಗೆ ಹೋಯಿತು. ಮತ್ತೆ, ಇನ್ನು ಮುಚ್ಚಿ ಪ್ರಯೋಜನವೇನೆಂಬಂತೆ, ಕೆಳಗಿಳಿಯಿತು. ಮುಂಬಲ್ಲುಗಳ ಮೇಲೆ ಅಡ್ಡಡ್ಡಲಾಗಿ ಸುಣ್ಣದಂಥ ಬಿಳಿಯ ಗೆರೆಗಳು, ಅವುಗಳ ನಡುವೆ ಕಬ್ಬಿಣದ ತುಕ್ಕಿನಂಥ ಕಂದು.

“ಟೈಲ್ಸ್ ಮೇಲಿಂದು ಹೋಯ್ತಲ್ಲ ಮೇಷ್ಟ್ರೇ, ಇದೂ ಹೋಗುತ್ತೇನೋ ಅಂತ” ಎಂದಳು. “ಯುಗಾದಿ ಆದ ಮೇಲೆ ಮಾಲೂರಿನಿಂದ ನೋಡೋಕೆ ಬರ್ತಾರೆ.”

ಮೇಷ್ಟರು ಏನು ಹೇಳಬೇಕೆಂದು ತೋರದೆ ನಿಂತರು. ಅಷ್ಟರಲ್ಲಿ ತಂದೆ ಬಂದ. ಮಗಳ ಕೈಯಲ್ಲಿದ್ದ ಪುಡಿಯನ್ನು ನೋಡಿದ, ಮೇಷ್ಟರ ಮುಖವನ್ನು ನೋಡಿದ. ಟವಲಿನ ಮರೆಯಿಂದಲೇ, ಸಂಕೋಚದ ನಗೆಯೊಂದನ್ನು ನಕ್ಕು ಹೇಳಿದ:

“ನಾನೂ ಉಜ್ಜಿದ್ದೆ ಸಾರ್. ನೀವೇ ಹೇಳಿದ್ರಲ್ಲ, ಇಟ್ಟಿಗೆ ಪುಡಿ ಹಾಕಿಯಾದ್ರೂ ಉಜ್ಕೊಂಡು ಬಾ ಅಂತ. ಒಂದು ವಾರ ಉಜ್ಜಿದೆ. ಹೋಗಲಿಲ್ಲ.”

ಅವನ ದನಿಯಲ್ಲಿ ದೂರಿನ ಎಳೆಯೂ ಇರಲಿಲ್ಲ. ಗುರುಗಳ ಅಪ್ಪಣೆಯನ್ನು ಪಾಲಿಸಿದ್ದೆ ಎಂಬ ವರದಿ ಅಷ್ಟೆ.

ಮೇಷ್ಟರಿಗೆ ಆ ಮಾತನ್ನು ಆಡಿದ್ದು ನೆನಪಿರಲಿಲ್ಲ. ಆಡಿರಬೇಕೆಂಬುದರಲ್ಲಿ ಸಂದೇಹವೂ ಇರಲಿಲ್ಲ. ಪ್ರತಿ ವರ್ಷವೂ ತರಗತಿಯ ಮೊದಲ ದಿನ ಉಗುರು, ತಲೆ, ಹಲ್ಲುಗಳ ತನಿಖೆ ಮಾಡುವುದು ಅವರ ಪದ್ಧತಿ. ಕೊಳಕು ಹಲ್ಲಿನವರನ್ನು ಎದ್ದುನಿಲ್ಲಿಸುವುದು; ಉಳಿದವರು ನಗುವುದು. ಕೊನೆಯ ಬೆಂಚಿನ ಎಷ್ಟು ಹುಡುಗರು ಹಾಗೆ ಎದ್ದುನಿಂತಿದ್ದರೋ! ಟವಲಿನ ತುದಿ ಬಾಯಿಗೆ ಬಂದದ್ದು ಗುರುಭಕ್ತಿಯಿಂದಲೆಂದು ಇಷ್ಟು ವರ್ಷ ನಂಬಿದ್ದರು. ಆ ದಿನ ಅವರು ಕೊಳದ ಕಡೆಗೆ ಹೋಗಲಿಲ್ಲ. ಮಧ್ಯಾಹ್ನದ ಬಸ್ಸಿಗೇ ಕೋಲಾರಕ್ಕೆ ಹಿಂದಿರುಗಿದರು, ಊಟವನ್ನೂ ಮಾಡಲಿಲ್ಲ.

ವಿಷಯವನ್ನು ಅವರು ಅರಿಯದವರೇನಲ್ಲ. ಅರಿವು ಪುಸ್ತಕದ ಒಂದು ಪುಟದಲ್ಲಿಯೂ, ಹುಡುಗರು ಕೊಠಡಿಯ ಕೊನೆಯ ಬೆಂಚಿನಲ್ಲಿಯೂ ಇದ್ದದ್ದು, ಎರಡೂ ಒಮ್ಮೆಯಾದರೂ ಒಂದನ್ನೊಂದು ಸಂಧಿಸದೇ ಹೋದದ್ದು ತೊಂದರೆಯಾಯಿತು. 1901ರಲ್ಲಿ ಅಮೆರಿಕದ ಕೊಲೊರಾಡೊ ಸ್ಪ್ರಿಂಗ್ಸ್ ಎಂಬ ಊರಿಗೆ ಹೊಸದಾಗಿ ಬಂದ ಫ್ರೆಡರಿಕ್ ಮೆಕ್ಕೇ ಎಂಬ ತರುಣ ದಂತವೈದ್ಯನಿಗೆ ಅಲ್ಲಿ ಹುಟ್ಟಿ ಬೆಳೆದವರ ಹಲ್ಲುಗಳ ಮೇಲೆ ವಿಚಿತ್ರವಾದ ಕಂದು ಕಲೆಗಳು ಕಂಡವು. ಜನ ಹಂದಿಮಾಂಸವನ್ನು ದೂರಿದರು, ಹಾಲನ್ನು ದೂರಿದರು. ಮೆಕ್ಕೇ ನೀರನ್ನು ಸಂದೇಹಪಟ್ಟು ವರ್ಷಗಟ್ಟಲೆ ಅಲೆದ. 1931ರಲ್ಲಿ ಅಲ್ಯೂಮಿನಿಯಂ ಕಂಪನಿಯೊಂದರ ರಸಾಯನಶಾಸ್ತ್ರಜ್ಞ ಚರ್ಚಿಲ್ ಎಂಬಾತನು ಅಂಥ ಕಲೆಗಳ ಊರೊಂದರ ನೀರನ್ನು ಪರೀಕ್ಷಿಸಿ, ಅದರಲ್ಲಿ ಫ್ಲೋರೈಡ್ ಅಧಿಕವಾಗಿರುವುದನ್ನು ಕಂಡುಹಿಡಿದ. ಅದಾದ ಆರೇ ವರ್ಷಗಳಲ್ಲಿ, 1937ರಲ್ಲಿ, ನಮ್ಮ ನೆರೆಯ ನೆಲ್ಲೂರು ಸೀಮೆಯಲ್ಲಿ ಇದೇ ಫ್ಲೋರೈಡು ಮೂಳೆಗಳನ್ನೂ ಬಿಗಿದು ಮನುಷ್ಯರನ್ನು ಬಗ್ಗಿಸುವುದೆಂದು ವೈದ್ಯರು ಪ್ರಕಟಿಸಿದರು. ಮೇಷ್ಟರು ಕರಿಹಲಗೆಯ ಮೇಲೆ ಹ್ಯಾಲೊಜನ್ ಗುಂಪಿನ ಮೊದಲನೆಯ ಹೆಸರಾಗಿ ಫ್ಲೋರಿನ್ ಎಂದು ಬರೆದು, ಅದರ ಪರಮಾಣು ಸಂಖ್ಯೆಯನ್ನು ಬಾಯಿಪಾಠ ಮಾಡಿಸುತ್ತಿದ್ದಾಗ, ಈ ಸಂಗತಿಗೆ ಅರ್ಧ ಶತಮಾನಕ್ಕೂ ಮೇಲೆ ವಯಸ್ಸಾಗಿತ್ತು.

ಗ್ರಾನೈಟಿನೊಳಗಣ ಖನಿಜಗಳಿಂದ ಫ್ಲೋರೈಡು ನೀರಿಗಿಳಿಯುತ್ತದೆ. ನೀರು ಆಳಕ್ಕೆ ಹೋದಷ್ಟೂ, ಕಲ್ಲಿನೊಡನೆ ಹೆಚ್ಚು ಕಾಲ ಇದ್ದಷ್ಟೂ, ಇಳಿಯುವುದಕ್ಕೆ ಅವಕಾಶ ಹೆಚ್ಚು. ಲೀಟರಿಗೆ 1 ಮಿಲಿಗ್ರಾಮಿನೊಳಗಿದ್ದರೆ ಒಳ್ಳೆಯದು, 1.5 ಕೊನೆಯ ಗಡಿ. ಕೋಲಾರ, ಮುಳಬಾಗಿಲು, ಮಾಲೂರು, ಶ್ರೀನಿವಾಸಪುರಗಳ ಎಷ್ಟೋ ಹಳ್ಳಿಗಳಲ್ಲಿ ಕೊಳವೆಬಾವಿಯ ನೀರು ಈ ಗಡಿಯನ್ನು ಮೀರಿದೆ. ಹಲ್ಲಿನ ಹೊಳಪು ರೂಪುಗೊಳ್ಳುವುದು ಒಸಡಿನೊಳಗೇ, ಮಗುವಿಗೆ ಎಂಟು ವರ್ಷ ತುಂಬುವುದರೊಳಗೆ. ಆ ಕಾಲದಲ್ಲಿ ಕುಡಿದ ನೀರು ತನ್ನ ಗುರುತನ್ನು ಒಳಗಿನಿಂದಲೇ ಇಡುತ್ತದೆ. ಟೈಲಿನ ಮೇಲಣ ಪಟ್ಟೆ ಹೊರಗಿನಿಂದ ಬಂದು ಕೂತದ್ದು. ಇದಾದರೋ ಟೈಲನ್ನು ಸುಡುವಾಗಲೇ ಮಣ್ಣಿನಲ್ಲಿ ಬೆರೆತದ್ದು. ಇಟ್ಟಿಗೆಯ ಪುಡಿ ಏನು ಮಾಡೀತು?

ಮರುವಾರ ಮೇಷ್ಟರು ಹುಡುಗಿಯನ್ನೂ ಅವಳ ತಾಯಿಯನ್ನೂ ಕೋಲಾರಕ್ಕೆ ಕರೆಸಿ ದಂತವೈದ್ಯರಲ್ಲಿಗೆ ಕರೆದುಕೊಂಡು ಹೋದರು. ವೈದ್ಯರು ಆಕೆಯ ಚಿಕಿತ್ಸೆಯ ಕಥೆಯನ್ನು ಕೇಳಿ ಗದರಲಿಲ್ಲ, ಅಚ್ಚರಿಯಿಂದ ನಕ್ಕರು. ಕಲೆ ಹೊರಪದರದಲ್ಲಿಯೇ ಇದ್ದರೆ ದಂತವೈದ್ಯರೂ ಆಮ್ಲವನ್ನೂ ಹಗುರಕಲ್ಲಿನಂಥ ಪುಡಿಯನ್ನೂ ಕೂಡಿಸಿಯೇ ಉಜ್ಜುವುದಂತೆ! ಒಸಡಿಗೆ ರಬ್ಬರಿನ ಮರೆ ಕಟ್ಟಿ, ಗಡಿಯಾರ ನೋಡಿಕೊಂಡು, ಸೆಕೆಂಡುಗಳ ಲೆಕ್ಕದಲ್ಲಿ, ಕೂದಲೆಳೆಗಿಂತ ತೆಳುವಾದ ಪದರವನ್ನಷ್ಟೇ ತೆಗೆಯುತ್ತಾರೆ. “ನೀನು ಮಾಡಿದ್ದು ಸರಿಯಾದ ವಿದ್ಯೆಯೇ ಕಣಮ್ಮ, ಕನ್ನಡಿ ಚೂರು ಹಿಡಿದು ಮಾಡುವ ವಿದ್ಯೆಯಲ್ಲ” ಎಂದರು. ಮೇಲಿನ ಕಂದು ಬಹುಮಟ್ಟಿಗೆ ಕಡಿಮೆಯಾಗುವುದು, ಆಳವಾದದ್ದಕ್ಕೆ ಹಲ್ಲಿನ ಬಣ್ಣದ ಲೇಪ ಕೊಡಬೇಕು, ನಾಲ್ಕಾರು ಸಲ ಬರಬೇಕು ಎಂದು ತಿಳಿಸಿದರು. ಆಮೇಲೆ ತಾಯಿಯ ಸೆರಗು ಹಿಡಿದು ನಿಂತಿದ್ದ ನಾಲ್ಕು ವರ್ಷದ ಹುಡುಗನ ಕಡೆಗೆ ತಿರುಗಿ, “ಇವನು ಯಾವ ನೀರು ಕುಡಿಯುತ್ತಾನೆ?” ಎಂದು ಕೇಳಿದರು.

“ತೋಪಿನ ಬೋರ್ ನೀರೇ ಸ್ವಾಮಿ. ಮಗು ಅಂತ ಕಾಯಿಸಿ ಕೊಡ್ತೀನಿ.”

ಮೇಷ್ಟರು ತಲೆ ಬಗ್ಗಿಸಿದರು. ಕಾಯಿಸಿದರೆ ಕ್ರಿಮಿ ಸಾಯುತ್ತದೆ, ಸುಣ್ಣದ ಒಂದಂಶ ಪಾತ್ರೆಯ ತಳಕ್ಕೆ ಇಳಿಯುತ್ತದೆ. ಫ್ಲೋರೈಡು ಎಲ್ಲಿಗೂ ಹೋಗುವುದಿಲ್ಲ. ನೀರು ಆವಿಯಾದಷ್ಟೂ ಉಳಿದದ್ದರಲ್ಲಿ ಅದರ ಪ್ರಮಾಣ ಏರುತ್ತದೆ. ಕೊಳದ ದಡದಲ್ಲಿ ಕುಳಿತು, ಆವಿಯಾಗುವುದು ನೀರು, ಉಳಿಯುವುದು ಲವಣವೆಂದು 72 ಗ್ರಾಮಿನ ಲೆಕ್ಕ ಹಾಕಿದವರಿಗೆ ಈ ಲೆಕ್ಕ ಹೊಳೆದಿರಲಿಲ್ಲ. ತೋಪಿನ ನೀರನ್ನು ಪರೀಕ್ಷೆಗೆ ಕೊಟ್ಟರು. ಕೊಳಕ್ಕಾಗಿ ಗಡಸುತನವನ್ನು ಮಾತ್ರ ನೋಡಿಸಿದ್ದರು. ಈ ಸಲ ಫ್ಲೋರೈಡನ್ನೂ ನೋಡಿಸಿದರು. ಅದು 1.5ರ ಗಡಿಯನ್ನು ದಾಟಿತ್ತು.

ಯುಗಾದಿಯ ನಂತರ ಮಾಲೂರಿನವರು ಬಂದರು. ವರನು ಅಲ್ಲಿಯ ಹಂಚಿನ ಕಾರ್ಖಾನೆಯೊಂದರಲ್ಲಿ ಲೆಕ್ಕ ಬರೆಯುವವನು. ಮಾಲೂರಿನ ಹಂಚು, ಇಟ್ಟಿಗೆಗಳೆಂದರೆ ಸುತ್ತಲ ಸೀಮೆಗೆಲ್ಲ ಗೊತ್ತು. ತೋಪಿನ ಮನೆಯ ಸೂರೂ ಅದೇ ಹಂಚಿನದು. ಹುಡುಗಿ ಕಾಫಿ ತಂದಿಟ್ಟು ತುಟಿ ಬಿಗಿದು ನಿಂತಳು. ಏನು ಓದಿದ್ದೀಯಮ್ಮಾ ಎಂದರೆ ಉತ್ತರ ಹೇಳಲೇಬೇಕಲ್ಲ? ಹೇಳಿದಳು. ವರನ ತಾಯಿ ಅವಳ ಬಾಯನ್ನೇ ನೋಡಿದಳು. ಮನೆಯವರೆಲ್ಲ ಉಸಿರು ಹಿಡಿದರು. ಆಕೆಯಾದರೋ ಗೊಳ್ಳೆಂದು ನಕ್ಕು, ತನ್ನ ಹಲ್ಲುಗಳನ್ನೆಲ್ಲ ಧಾರಾಳವಾಗಿ ತೋರಿಸಿ, “ನಮ್ಮೂರ ನೀರೂ ಇದೇ ಕಣಮ್ಮಾ, ಬಾಯಿ ಬಿಟ್ಟು ಮಾತಾಡು” ಎಂದಳು. ಮಾತುಕತೆ ಇನ್ನೂ ನಡೆಯುತ್ತಿದೆ. ಬಂಗಾರದ ವಿಚಾರದಲ್ಲಿ ಸ್ವಲ್ಪ ತೊಡಕು. ಅದು ಬೇರೆ ಕಥೆ.

ಕೊಳದ ಗೆರೆಯೂ ಸುಮ್ಮನಿರಲಿಲ್ಲ. ನಾಲ್ಕನೆಯ ಬದಿಯನ್ನು ಉಜ್ಜುವುದರೊಳಗೆ ಮೊದಲನೆಯ ಬದಿಯಲ್ಲಿ ಎಳೆಯ ಬಿಳುಪು ಕಾಣಿಸಿಕೊಂಡಿತು. ಸುರಿಯುವ ನೀರು ಬದಲಾಗದೆ ಪಟ್ಟೆ ಹೋಗದೆಂದು ಮೇಷ್ಟರು ಮಗನಿಗೆ ವಿವರಿಸಿದರು. ಬೆಂಗಳೂರಿನ ಕೊಳಚೆಯನ್ನು ಸಂಸ್ಕರಿಸಿ, ಕೋರಮಂಗಲ-ಚಲ್ಲಘಟ್ಟ ಕಣಿವೆಯಿಂದ ಕೊಳವೆಗಳಲ್ಲಿ ಕೋಲಾರದ ಕೆರೆಗಳಿಗೆ ಬಿಡುವುದು 2018ರಲ್ಲಿ ಮೊದಲಾಗಿದೆ. ತುಂಬಿದ ಕೆರೆಗಳ ಸುತ್ತಮುತ್ತ ಬತ್ತಿದ ಕೊಳವೆಬಾವಿಗಳಲ್ಲಿ ನೀರು ಕಾಣಿಸಿಕೊಂಡಿದೆಯೆಂದು ರೈತರು ಸಂತೋಷಪಡುತ್ತಾರೆ. ಆ ನೀರಿನ ಶುದ್ಧಿಯ ವಿಚಾರವಾಗಿ ವಾದವೂ ನ್ಯಾಯಾಲಯದವರೆಗೆ ಹೋಗಿತ್ತು. ತೋಪಿನ ಹತ್ತಿರದ ಕೆರೆಗೆ ಅದು ಬಂದಿಲ್ಲ. ಮಿಕ್ಕಿದ್ದು ಆಕಾಶದ ನೀರು. ಅದರಲ್ಲಿ ಸುಣ್ಣವೂ ಇಲ್ಲ, ಫ್ಲೋರೈಡಿನ ಭಯವೂ ಇಲ್ಲ. ತೋಪಿನ ಮನೆಯ ಸೂರು 60 ಚದರ ಮೀಟರು. 25 ಮಿಲಿಮೀಟರಿನ ಒಂದು ಹದ ಮಳೆ ಬಿದ್ದರೆ 1,500 ಲೀಟರು. ಹಂಚು ಕುಡಿದದ್ದು, ಸಿಡಿದು ಹೋದದ್ದು ಕಳೆದರೂ ಸಾವಿರಕ್ಕೆ ಮೋಸವಿಲ್ಲ. ಸೂರಿನಂಚಿಗೆ ದೋಣಿ ಕಟ್ಟಿಸಿ, ಮೊದಲ ಮಳೆಯ ಕೊಳೆ ಹೊರಕ್ಕೆ ಹೋಗುವಂತೆ ಒಂದು ಬಿರಡೆ ಇರಿಸಿ, ಮರಳು, ಇದ್ದಲುಗಳ ಸೋಸುಪೆಟ್ಟಿಗೆ ಮಾಡಿಸಿ, ದೊಡ್ಡ ತೊಟ್ಟಿಯೊಂದನ್ನು ತಂದು ನಿಲ್ಲಿಸಿದರು. ಮಗನು ಕೊಳಕ್ಕಾಗಿ ಎಂದು ಹಣ ಕೊಟ್ಟ. ಮೇಷ್ಟರು ಹೌದೆಂದೂ ಅನ್ನಲಿಲ್ಲ, ಅಲ್ಲವೆಂದೂ ಅನ್ನಲಿಲ್ಲ. ಅಲ್ಲಿಯವರೆಗೆ ಮಗುವಿಗೆಂದು ಊರಿನ ಶುದ್ಧ ನೀರಿನ ಘಟಕದಿಂದ ದಿನವೂ ಒಂದು ಕ್ಯಾನು ಬರುವಂತೆ ಗೊತ್ತುಮಾಡಿದರು.

ಭರಣಿ ಮಳೆ ಒಂದು ಸಂಜೆ ಗಾಳಿಯೊಡನೆ ಬಂದು ಹೊಡೆಯಿತು. ತೋಪಿನಲ್ಲಿ ಕಾಯಿ ಉದುರಿದವು. ರಜಕ್ಕೆ ಬಂದಿದ್ದ ಮೊಮ್ಮಕ್ಕಳು ಕುಣಿದಾಡುತ್ತ ತೊಟ್ಟಿಯ ನಲ್ಲಿಗೆ ಕೊಳದ ರಬ್ಬರು ಕೊಳವೆಯನ್ನು ಜೋಡಿಸಲು ಹೋದರು. ತಿರುವಿದರೆ ನಲ್ಲಿಯ ಹತ್ತಿರ ಆಗಲೇ ಹುಡುಗಿ ಕುಳಿತಿದ್ದಾಳೆ. ಎರಡು ಬಿಂದಿಗೆ, ಒಂದು ಕ್ಯಾನು, ತಮ್ಮನ ಹಾಲಿನ ಲೋಟ, ಮನೆಯಲ್ಲಿದ್ದ ಪಾತ್ರೆಯೆಲ್ಲವೂ ಅವಳ ಸುತ್ತ.

“ಇರ್ರಪ್ಪಾ, ನಮ್ಮ ಹುಡುಗನಿಗೆ ಹಿಡಿದು ಆಗ್ಲಿ” ಎಂದಳು. “ಕೊಳಕ್ಕೆ ಆಮೇಲೆ ಬಿಡೋಣ.”

ಮೊಮ್ಮಕ್ಕಳು ತಾತನ ಮುಖವನ್ನು ನೋಡಿದರು. ತಾತ ಬಗ್ಗಿ ಎರಡನೆಯ ಬಿಂದಿಗೆಯನ್ನು ನಲ್ಲಿಯ ಕೆಳಗಿಟ್ಟರು.